ಕೋಸಿಗೆ ಹೊಡೆದ ಬಿಟಿ, ಪಕ್ಕದ ಹುಳುಮನೆಯಲ್ಲಿ ಸಾವು: ಒಂದು ಪ್ರಕರಣ ಅಧ್ಯಯನ

ಎಲೆಕೋಸಿನ ಹುಳಕ್ಕೆಂದು ಹೊಡೆದ ಬಿಟಿ ಅನ್ನುವ ಜೈವಿಕ ಔಷಧಿಯಿಂದ ಪಕ್ಕದ ಹೊಲದವರ ರೇಷ್ಮೆ ಹುಳು ಸತ್ತ ಪ್ರಕರಣ ಇದು. ಕೋಲಾರ, ಚಿಕ್ಕಬಳ್ಳಾಪುರ ಭಾಗದ ಒಂದು ಊರಿನಲ್ಲಿ ನಡೆದದ್ದು. ಊರು, ಮನೆತನ, ಅಂಗಡಿ, ಔಷಧಿಯ ಬ್ರಾಂಡ್ ಯಾವುದರ ಹೆಸರನ್ನೂ ಇಲ್ಲಿ ಹೇಳುವುದಿಲ್ಲ. ಎರಡೂ ಮನೆಯವರು ಒಪ್ಪಿದ ಮೇಲೆಯೇ ಬರೆಯುತ್ತಿದ್ದೇನೆ. ಇಬ್ಬರೂ ದಾಯಾದಿಗಳು. ದೊಡ್ಡವರು ರೇಷ್ಮೆ ಸಾಕುತ್ತಾರೆ, ಚಿಕ್ಕವರು ತರಕಾರಿ ಬೆಳೆಯುತ್ತಾರೆ. ಅವರು ಒಬ್ಬರನ್ನೊಬ್ಬರು ಕರೆಯುವ ಹಾಗೆ ನಾನೂ ಅಣ್ಣ, ತಮ್ಮ ಅಂತಲೇ ಕರೆಯುತ್ತೇನೆ. ಅಣ್ಣನ ಹೆಂಡತಿ ಇಲ್ಲಿ ಅತ್ತಿಗೆ. ನಾನು ಕೆಲಸ ಮಾಡುವ ರೈತರ ಗುಂಪಿನಲ್ಲಿ ಎರಡೂ ಮನೆಯವರು ಸದಸ್ಯರು.

ಇದರಲ್ಲಿ ಯಾರೂ ಬೇಕಂತ ಏನೂ ಮಾಡಿಲ್ಲ. ವಿಷ ಹೊಡೆಯುವುದನ್ನು ನಿಲ್ಲಿಸಬೇಕು ಅಂತ ಮನಸ್ಸು ಮಾಡಿದ ರೈತನ ಹೊಲದಿಂದಲೇ ಇದು ಶುರುವಾಯಿತು. ರೇಷ್ಮೆ ಮತ್ತು ತರಕಾರಿ ಒಂದೇ ಬದುವಿನ ಆಚೆ ಈಚೆ ಇರುವ ಊರುಗಳು ನಮ್ಮ ಕಡೆ ಬೇಕಾದಷ್ಟಿವೆ. ಅದಕ್ಕೇ ಇದು ಎಲ್ಲರಿಗೂ ಗೊತ್ತಾಗಬೇಕು.

ಹಿನ್ನೆಲೆ

ಅಣ್ಣನಿಗೆ ಸುಮಾರು ಒಂದು ಎಕರೆ ವಿ-1 ತಳಿಯ ಹಿಪ್ಪುನೇರಳೆ ತೋಟ ಇದೆ. ಚಾಕಿ ಕೇಂದ್ರದಿಂದ, ಅಂದರೆ ಎಳೆಯ ಹುಳು ಸಾಕಿ ಕೊಡುವ ಕಡೆಯಿಂದ, ಎರಡನೇ ಜ್ವರ ಎದ್ದ ಹುಳು ತಂದು, ಕಡ್ಡಿ ಸಮೇತ ಸೊಪ್ಪು ಹಾಕಿ ಸಾಕುತ್ತಾರೆ. ರೇಷ್ಮೆ ಗೊತ್ತಿಲ್ಲದವರಿಗೆ ಹೇಳುವುದಾದರೆ, ಹುಳು ಮೇವು ಬಿಟ್ಟು ಪೊರೆ ಕಳಚುವುದನ್ನು ನಮ್ಮ ಕಡೆ ಜ್ವರ ಅನ್ನುತ್ತಾರೆ. ನಾಲ್ಕು ಜ್ವರ ಆದ ಮೇಲೆ ಐದನೇ ಹಂತ. ಹುಳು ತನ್ನ ಜೀವಮಾನದಲ್ಲಿ ತಿನ್ನುವ ಸೊಪ್ಪಿನಲ್ಲಿ ನೂರಕ್ಕೆ 80ಕ್ಕಿಂತ ಜಾಸ್ತಿ ಈ ಕೊನೆಯ ಒಂದು ವಾರದಲ್ಲೇ ತಿನ್ನುತ್ತದೆ. ಖರ್ಚು, ದುಡಿಮೆ, ನಿದ್ದೆಗೆಡುವುದು ಎಲ್ಲವೂ ಆಗಲೇ. ಆ ವಾರದಲ್ಲಿ ಹುಳು ಹೋದರೆ ಅಷ್ಟು ದಿನದ ದುಡ್ಡೂ ಹೋದ ಹಾಗೆ.

ಹುಳುಮನೆ ಪೂರ್ತಿ ಅತ್ತಿಗೆಯ ಉಸ್ತುವಾರಿ. ಬಾಗಿಲಲ್ಲಿ ಸುಣ್ಣ, ಬ್ಲೀಚಿಂಗ್ ಪುಡಿ ಹರಡಿರುತ್ತದೆ. ಕಾಲು ತೊಳೆಯದೆ ಯಾರೂ ಒಳಗೆ ಹೋಗುವ ಹಾಗಿಲ್ಲ. ತೋಟಕ್ಕೆ ಅಜೋಟೋಬ್ಯಾಕ್ಟರ್ ಜೀವಾಣು ಗೊಬ್ಬರವನ್ನೂ ಹಾಕುತ್ತಿದ್ದರು. ಗಾಳಿಯ ಸಾರಜನಕವನ್ನು ಮಣ್ಣಿನಲ್ಲಿ ಹಿಡಿದಿಡುವ ಬ್ಯಾಕ್ಟೀರಿಯಾ ಅದು. ಯೂರಿಯಾ ಕಮ್ಮಿ ಮಾಡಬಹುದು ಅಂತ ಹಿಪ್ಪುನೇರಳೆಗೆ ಶಿಫಾರಸು ಮಾಡುತ್ತಾರೆ. ಹಾಗಾಗಿ ಪೊಟ್ಟಣದಲ್ಲಿ ಬರುವ ಬ್ಯಾಕ್ಟೀರಿಯಾ ಅಂದರೆ ಈ ಮನೆಗೆ ಹೊಸದಲ್ಲ, ಹೆದರಿಕೆಯದ್ದೂ ಅಲ್ಲ.

ಅಣ್ಣನ ತೋಟದ ಕೆಳಗಿನ ಅಂಚಿಗೆ ತಮ್ಮನ ಹೊಲ. ನಡುವೆ ಮೊಣಕಾಲೆತ್ತರದ ಕಲ್ಲಿನ ಬದು ಅಷ್ಟೇ. ತಮ್ಮ ಅಲ್ಲಿ ಎಲೆಕೋಸು ಇಟ್ಟಿದ್ದ. ಕೋಸಿನ ದೊಡ್ಡ ಶತ್ರು ಡೈಮಂಡ್‌ಬ್ಯಾಕ್ ಪತಂಗದ ಹಸಿರು ಹುಳ. ಎಲೆಯ ಕೆಳಗೆ ಕೂತು ತೂತು ತೂತು ಮಾಡಿಬಿಡುತ್ತದೆ. ಯಾವ ಔಷಧಿ ಹೊಡೆದರೂ ಒಂದೆರಡು ವರ್ಷಕ್ಕೆ ಅದನ್ನು ಜೀರ್ಣಿಸಿಕೊಳ್ಳುವುದು ಈ ಹುಳದ ಹಳೇ ಕಥೆ. ತಮ್ಮ ಮೊದಲೆಲ್ಲಾ ವಾರಕ್ಕೊಂದು ಸಲ ರಾಸಾಯನಿಕ ಹೊಡೆಯುತ್ತಿದ್ದ. ವಿಷದ ಅಂಶ ಇಲ್ಲದ ತರಕಾರಿ ಬೇಕು ಅನ್ನುವ ಖರೀದಿದಾರರು ಸಿಕ್ಕಿದ ಮೇಲೆ ಅದನ್ನು ಬಿಟ್ಟು, ಬಿಟಿ ಪುಡಿಗೆ ಬಂದ. ಬ್ಯಾಸಿಲಸ್ ಥುರಿಂಜಿಯೆನ್ಸಿಸ್ ಅನ್ನುವ ಮಣ್ಣಿನ ಬ್ಯಾಕ್ಟೀರಿಯಾದಿಂದ ಮಾಡಿದ ಔಷಧಿ. ಅಂಗಡಿಯವರು ಹೇಳಿದ್ದು ಒಂದೇ ಮಾತು: ಇದು ಜೈವಿಕ, ಏನೂ ತೊಂದರೆ ಇಲ್ಲ.

ಸಮಸ್ಯೆ

ಬೇಸಿಗೆ ಶುರುವಾಗಿತ್ತು. ಅಣ್ಣನ ಹುಳು ನಾಲ್ಕನೇ ಜ್ವರ ಎದ್ದು ಚೆನ್ನಾಗಿ ಮೇಯುತ್ತಿದ್ದವು. ಒಂದು ದಿನ ಬೆಳಿಗ್ಗೆ ಸೊಪ್ಪು ಹಾಕಿದರು. ಮಧ್ಯಾಹ್ನ ನೋಡಿದರೆ ಸೊಪ್ಪು ಹಾಗೇ ಇದೆ. ಹುಳುಮನೆಯಲ್ಲಿ ಸಾವಿರಾರು ಹುಳು ಒಟ್ಟಿಗೆ ಮೇಯುವಾಗ ಕೇಳುವ ಸದ್ದೇ ನಿಂತುಹೋಗಿತ್ತು. ಮಾರನೇ ದಿನ ಹುಳು ಮೇಯುವ ಹಾಸಿಗೆಯ ತುಂಬಾ ಸತ್ತ ಹುಳು. ಸಂಜೆಗೆ ಕಪ್ಪಾಗಿ ಕೊಳೆತು ವಾಸನೆ.

ಬಿಸಿಲಿಗೆ ಸಪ್ಪೆ ರೋಗ ಬಂತು ಅಂದರು ಎಲ್ಲರೂ. ಆ ಕಾಲಕ್ಕೆ ಹಾಗೆ ಅಂದುಕೊಳ್ಳುವುದರಲ್ಲಿ ತಪ್ಪಿಲ್ಲ. ಸಪ್ಪೆ ರೋಗದಲ್ಲೂ ಹುಳು ಮೇವು ಬಿಡುತ್ತದೆ, ಮೆತ್ತಗಾಗುತ್ತದೆ, ಕೊಳೆಯುತ್ತದೆ. ಸತ್ತ ಹುಳು ತೆಗೆದುಹಾಕಿ ಮನೆಯನ್ನೆಲ್ಲಾ ತೊಳೆದರು. ಬ್ಲೀಚಿಂಗ್ ಪುಡಿ, ಸುಣ್ಣದ ನೀರು ಹೊಡೆದರು. ಕಿಟಕಿಗೆ ಒದ್ದೆ ಗೋಣಿ ಕಟ್ಟಿದರು. ಮುಂದಿನ ಬೆಳೆಗೆ (ಒಂದು ಸಲ ಸಾಕುವ ಹುಳುವಿಗೂ ಬೆಳೆ ಅಂತಲೇ ಅನ್ನುತ್ತಾರೆ) ಬೇರೆ ಚಾಕಿ ಕೇಂದ್ರದಿಂದ ಹುಳು ತಂದರು. ಇಷ್ಟೆಲ್ಲಾ ಮಾಡಿದ ಮೇಲೂ ಮುಂದಿನ ಬೆಳೆಯಲ್ಲಿ, ಐದನೇ ಹಂತದಲ್ಲಿ, ಅದೇ ಮರುಕಳಿಸಿತು.

ಆದರೆ ಈ ಸಲ ಒಂದು ವ್ಯತ್ಯಾಸ ಇತ್ತು. ಅದನ್ನು ಗಮನಿಸಿದ್ದು ಅತ್ತಿಗೆ.

ಅತ್ತಿಗೆ ಕಂಡದ್ದು

ಹುಳುಮನೆಯಲ್ಲಿ ಎರಡು ಸಾಲು ಸ್ಟ್ಯಾಂಡ್. ಸತ್ತದ್ದು ಬಾಗಿಲ ಕಡೆಯ ಸಾಲು ಮಾತ್ರ. ಒಳಗಿನ ಸಾಲಿನ ಹುಳು ಏನೂ ಆಗದ ಹಾಗೆ ಮೇಯುತ್ತಿದ್ದವು. ಒಂದೇ ಚಾಕಿ, ಒಂದೇ ಮನೆ, ಒಂದೇ ಸೆಖೆ. ರೋಗವಾಗಿದ್ದರೆ ಇಷ್ಟು ನೇರವಾಗಿ ಗೆರೆ ಎಳೆದ ಹಾಗೆ ಬರುತ್ತದಾ? ಅತ್ತಿಗೆ ಕೇಳಿದ ಪ್ರಶ್ನೆ ಅದು. ಸೊಪ್ಪು ಎಲ್ಲಿಂದ ಬಂತು ಅಂತ ಅವರೇ ಲೆಕ್ಕ ಹಾಕಿದರು. ಒಳಗಿನ ಸಾಲಿಗೆ ಅಣ್ಣ ಮೇಲಿನ ಮಡಿಯಿಂದ ಕೊಯ್ದು ತಂದಿದ್ದರು. ಬಾಗಿಲ ಕಡೆಯ ಸಾಲಿಗೆ ಕೂಲಿಯವರು ಕೆಳಗಿನ ಮಡಿಯಿಂದ, ಅಂದರೆ ಕೋಸಿನ ಬದುವಿನ ಪಕ್ಕದಿಂದ ತಂದಿದ್ದರು. ಹಿಂದಿನ ಬೆಳೆಯಲ್ಲಿ ಹುಳು ಪೂರ್ತಿ ಹೋದ ದಿನ ಎರಡೂ ಸಾಲಿಗೆ ಕೆಳಗಿನ ಮಡಿಯ ಸೊಪ್ಪೇ ಬಿದ್ದಿತ್ತು.

ಈ ಪ್ರಕರಣದ ಮುಖ್ಯ ತಿರುವು ಇದೇ. ಲ್ಯಾಬು, ತಜ್ಞರು ಎಲ್ಲಾ ಆಮೇಲೆ ಬಂದದ್ದು. ಯಾವ ಸೊಪ್ಪು ಯಾವ ಸ್ಟ್ಯಾಂಡಿಗೆ ಹೋಯಿತು ಅನ್ನುವುದು ತಲೆಯಲ್ಲಿ ಇರದಿದ್ದರೆ ಇನ್ನೂ ಎಷ್ಟು ಬೆಳೆ ಸಪ್ಪೆ ರೋಗದ ಲೆಕ್ಕಕ್ಕೆ ಹೋಗುತ್ತಿತ್ತೋ.

ನಾನು ಹೋದಾಗ ಇನ್ನೂ ಸಾಯದೆ ಉಳಿದ ಕೆಲವು ಹುಳುಗಳನ್ನು ಅತ್ತಿಗೆ ತೋರಿಸಿದರು. ಒಂದನ್ನು ಅಂಗೈ ಮೇಲೆ ಇಟ್ಟುಕೊಂಡರು. ತಲೆ, ಎದೆ ಮೇಲಕ್ಕೆತ್ತಿ ಹಾಗೇ ನಿಂತಿತ್ತು. ಬಾಯಿಂದ ಹಸಿರು ರಸ ಒಸರುತ್ತಿತ್ತು. ಬೆರಳಿನಿಂದ ಮುಟ್ಟಿದರೆ ಹೆಚ್ಚುಕಮ್ಮಿ ಅಲುಗಾಟವೇ ಇಲ್ಲ, ಕಾಲಿನ ಹಿಡಿತ ಸಡಿಲ. ಹಿಂದಿನ ಕಾಲು ಚಿವುಟಿ ನೋಡಿದರು, ಹಾಲಿನಂಥ ರಸ ಬರಲಿಲ್ಲ. ಅಂದರೆ ಹಾಲುತೊಂಡೆ ರೋಗ ಅಲ್ಲ. ಸತ್ತವು ಗಟ್ಟಿಯಾಗಿ ಬೆಳ್ಳಗೆ ಬೂಸ್ಟು ಕಟ್ಟಿರಲಿಲ್ಲ. ಅಂದರೆ ಸುಣ್ಣಕಟ್ಟು ರೋಗ ಅಲ್ಲ. ಉಳಿದದ್ದು ಎರಡೇ ಅನುಮಾನ: ಸಪ್ಪೆ ರೋಗ, ಇಲ್ಲವೇ ಸೊಪ್ಪಿನಲ್ಲಿ ವಿಷ.

ಪರೀಕ್ಷೆ ಸುಲಭದ್ದೇ ಮಾಡಿದೆವು. ಉಳಿದ ಒಳ್ಳೆಯ ಹುಳುಗಳಲ್ಲಿ ಕೆಲವನ್ನು ಎರಡು ತಟ್ಟೆಗೆ ಹಾಕಿ, ಒಂದಕ್ಕೆ ಮೇಲಿನ ಮಡಿಯ ಸೊಪ್ಪು, ಇನ್ನೊಂದಕ್ಕೆ ಬದುವಿನ ಪಕ್ಕದ ಸೊಪ್ಪು ಕೊಟ್ಟು, ಮನೆಯಿಂದ ದೂರ ಜಗಲಿ ಮೇಲೆ ಇಟ್ಟೆವು. ಮಾರನೇ ದಿನಕ್ಕೆ ಉತ್ತರ ಗೊತ್ತಾಯಿತು. ಬದುವಿನ ಸೊಪ್ಪು ತಿಂದವು ಮೇವು ಬಿಟ್ಟು ತಲೆ ಎತ್ತಿ ಕೂತಿದ್ದವು.

ಜಗಳ, ಮತ್ತು ಆ ಪೊಟ್ಟಣ

ಸೊಪ್ಪಿನಲ್ಲಿ ವಿಷ ಇದೆ ಅಂತ ಆದ ಮೇಲೆ ಅಣ್ಣ ನೇರವಾಗಿ ತಮ್ಮನ ಮನೆಗೆ ಹೋದರು. ತಮ್ಮನ ಉತ್ತರ ಒಂದೇ: "ಅಣ್ಣ, ದೇವರಾಣೆಗೂ ನಾನು ಈ ಬೆಳೆಗೆ ವಿಷ ಹೊಡೆದೇ ಇಲ್ಲ." ಅಣ್ಣ ನಂಬಲಿಲ್ಲ. ಮಾತು ಬೆಳೆಯಿತು, ಹಳೇ ಬಾವಿ ನೀರಿನ ವಿಚಾರವೂ ಹೊರಗೆ ಬಂತು. ಊರಿನ ಹಿರಿಯರು ಪರಿಹಾರದ ಮಾತೂ ಎತ್ತಿದರು.

ತಮ್ಮ ಸುಳ್ಳು ಹೇಳುತ್ತಿರಲಿಲ್ಲ. ಪಂಪಿನ ಮನೆಯಲ್ಲಿ ಇದ್ದ ಪೊಟ್ಟಣ ತಂದು ತೋರಿಸಿದ. ಬಿಟಿಯಲ್ಲಿ ಹಲವು ತಳಿಗಳಿವೆ, ಇದು ಕುರ್ಸ್ಟಾಕಿ ಅನ್ನುವ ತಳಿ. ಪತಂಗ, ಚಿಟ್ಟೆಗಳ ಮರಿಹುಳುಗಳನ್ನು ಕೊಲ್ಲುವಂಥದ್ದು. ಚೀಟಿಯ ಕೆಳಗೆ, ಸಣ್ಣ ಅಕ್ಷರದಲ್ಲಿ, ಇಂಗ್ಲಿಷಿನಲ್ಲಿ, ರೇಷ್ಮೆ ಸಾಕುವ ಕಡೆ ಬಳಸಬೇಡಿ ಅಂತ ಇತ್ತು. ತಮ್ಮ ಅದನ್ನು ಓದಿರಲಿಲ್ಲ. ಅಂಗಡಿಯವರು ಹೇಳಿರಲಿಲ್ಲ.

ರೇಷ್ಮೆ ಹುಳು ಅಂದರೆ ಏನು? ಅದೂ ಒಂದು ಪತಂಗದ ಮರಿಹುಳುವೇ ಅಲ್ವಾ. ಬ್ಯಾಕ್ಟೀರಿಯಾಕ್ಕೆ ಕೋಸಿನ ಹುಳ ಬೇರೆ, ನಮ್ಮ ಅನ್ನದ ಹುಳ ಬೇರೆ ಅಂತ ಗೊತ್ತಿಲ್ಲ. ಇನ್ನೊಂದು ವಿಷಯ ಕೇಳಿದರೆ ಆಶ್ಚರ್ಯ ಆಗುತ್ತದೆ. ಈ ಬ್ಯಾಕ್ಟೀರಿಯಾ ಮೊದಲು ಗೊತ್ತಾದದ್ದೇ ರೇಷ್ಮೆ ಹುಳುವಿನಿಂದ. 1901ರಲ್ಲಿ ಜಪಾನಿನ ಶಿಗೆತಾನೆ ಇಶಿವಾತಾ ಅನ್ನುವ ವಿಜ್ಞಾನಿ, ಇದ್ದಕ್ಕಿದ್ದಂತೆ ಸಾಯುತ್ತಿದ್ದ ರೇಷ್ಮೆ ಹುಳುಗಳಿಂದ ಇದನ್ನು ಬೇರ್ಪಡಿಸಿದರು. ಅವರಿಗೆ ಅದು ರೇಷ್ಮೆಯ ರೋಗಾಣು. ಹತ್ತು ವರ್ಷದ ಮೇಲೆ, 1911ರಲ್ಲಿ, ಜರ್ಮನಿಯ ಥುರಿಂಜಿಯಾ ಪ್ರಾಂತ್ಯದ ಹಿಟ್ಟಿನ ಪತಂಗದ ಹುಳುವಿನಲ್ಲಿ ಇದನ್ನು ಕಂಡ ಅರ್ನ್ಸ್ಟ್ ಬರ್ಲಿನರ್ 1915ರಲ್ಲಿ ಈಗಿನ ಹೆಸರು ಕೊಟ್ಟರು. 1938ರ ಹೊತ್ತಿಗೆ ಫ್ರಾನ್ಸಿನಲ್ಲಿ ಅದು ಕೀಟನಾಶಕವಾಗಿ ಮಾರಾಟಕ್ಕೆ ಬಂತು. ಒಬ್ಬರು ರೋಗ ಅಂದದ್ದನ್ನೇ ಇನ್ನೊಬ್ಬರು ಮದ್ದು ಮಾಡಿಕೊಂಡರು. ರೇಷ್ಮೆ ಸೀಮೆಯಲ್ಲಿ ಇದನ್ನು ಮಾರುವವರು ಮರೆಯಲೇಬಾರದ ಇತಿಹಾಸ ಇದು.

ಕೊಲ್ಲುವ ರೀತಿಯನ್ನೂ ಎರಡೂ ಮನೆಯವರನ್ನು ಕೂರಿಸಿ ವಿವರಿಸಿದೆ. ಬ್ಯಾಕ್ಟೀರಿಯಾ ಬೀಜಾಣು ಕಟ್ಟುವಾಗ ಜೊತೆಗೆ ಪ್ರೋಟೀನಿನ ಒಂದು ಹರಳನ್ನೂ ಕಟ್ಟುತ್ತದೆ. ಮರಿಹುಳುವಿನ ಹೊಟ್ಟೆಯ ರಸ ತುಂಬಾ ಕ್ಷಾರ. ಹರಳು ಅದರಲ್ಲಿ ಕರಗಿ, ಅಲ್ಲಿನ ಜೀರ್ಣರಸಗಳಿಂದ ವಿಷವಾಗಿ ಬದಲಾಗಿ, ಕರುಳಿನ ಗೋಡೆಗೆ ಅಂಟಿಕೊಂಡು ರಂಧ್ರ ಮಾಡುತ್ತದೆ. ಕರುಳು ಕೆಲಸ ನಿಲ್ಲಿಸುತ್ತದೆ, ಹುಳು ಮೇವು ಬಿಡುತ್ತದೆ. ಆಮೇಲೆ ಬೀಜಾಣು ಮೊಳೆತು ದೇಹದ ಒಳಗೆಲ್ಲಾ ಹರಡುತ್ತವೆ. ನಮ್ಮ ಹೊಟ್ಟೆಯ ರಸ ಆಮ್ಲ, ಕರುಳಿನಲ್ಲಿ ಆ ವಿಷ ಅಂಟಿಕೊಳ್ಳುವ ಜಾಗವೂ ಇಲ್ಲ. ಅದಕ್ಕೇ ಮನುಷ್ಯರಿಗೆ, ದನಕರುಗಳಿಗೆ ತೊಂದರೆ ಇಲ್ಲ. ಅಂಗಡಿಯವರ ಮಾತು ಅಷ್ಟರ ಮಟ್ಟಿಗೆ ನಿಜ.

ಸತ್ತ ಹುಳುಗಳನ್ನು ರೇಷ್ಮೆ ತಾಂತ್ರಿಕ ಕೇಂದ್ರಕ್ಕೆ ಕೊಂಡೊಯ್ದೆವು. ಸೂಕ್ಷ್ಮದರ್ಶಕದಲ್ಲಿ ಕಡ್ಡಿಯಾಕಾರದ ಬ್ಯಾಕ್ಟೀರಿಯಾ, ಬೀಜಾಣು, ಪಕ್ಕದಲ್ಲಿ ಹರಳು ಕಂಡವು. ಅಣ್ಣ ಸ್ವತಃ ಕಣ್ಣಿಟ್ಟು ನೋಡಿದರು. ವಾಪಸ್ ಬರುವಾಗ ಬಸ್ಸಿನಲ್ಲಿ ಅವರು ಹೇಳಿದ್ದು ಇಷ್ಟೇ: "ಹುಡುಗ ನಿಜಾನೇ ಹೇಳಿದ್ದ." ಆ ಮಾತು ಆಡದೇ ಇದ್ದಿದ್ದರೆ ಮುಂದಿನ ಯಾವ ಕೆಲಸವೂ ಆಗುತ್ತಿರಲಿಲ್ಲ.

ಏನೇನು ಮಾಡಿ ನೋಡಿದೆವು

ಮೊದಲು ಸೊಪ್ಪು ತೊಳೆದು ಹಾಕೋಣ ಅಂದರು. ತೊಳೆದರೆ ಎಲೆಯ ಅಡಿಯಲ್ಲಿರುವುದು ಪೂರ್ತಿ ಹೋಗುವುದಿಲ್ಲ. ಒದ್ದೆ ಸೊಪ್ಪು ಹಾಕಿದರೆ ಹಾಸಿಗೆ ತೇವವಾಗಿ ಬೇರೆ ರೋಗ ಬರುತ್ತದೆ. ಬಿಟ್ಟೆವು.

ಕಾದು ಕೊಯ್ಯೋಣ ಅನ್ನುವುದು ಎರಡನೇ ಯೋಚನೆ. ಬಿಟಿ ಬಿಸಿಲಿಗೆ ಬೇಗ ಶಕ್ತಿ ಕಳೆದುಕೊಳ್ಳುತ್ತದೆ. ಸಂಜೆ ಹೊಡೆಯಿರಿ ಅನ್ನುವುದೂ ಅದಕ್ಕೇ. ಆದರೆ ಒತ್ತಾಗಿ ಬೆಳೆದ ಹಿಪ್ಪುನೇರಳೆಯ ಒಳಗಿನ, ಕೆಳಗಿನ ಎಲೆಗೆ ಬಿಸಿಲೇ ತಾಗುವುದಿಲ್ಲ. ಜೊತೆಗೆ ಪಕ್ಕದಲ್ಲಿ ಮತ್ತೆ ಮತ್ತೆ ಹೊಡೆಯುತ್ತಿದ್ದರೆ ಕಾದೂ ಪ್ರಯೋಜನ ಇಲ್ಲ.

ಹಿರಿಯರೊಬ್ಬರು, "ಹಳೇ ಔಷಧಿನೇ ವಾಸಿ ಬಿಡು, ಅದನ್ನೇ ಹೊಡ್ಕೊ" ಅಂದರು. ತಮ್ಮನಿಗೂ ಬೇಸರವಾಗಿ ಅದಕ್ಕೆ ಮನಸ್ಸು ಮಾಡಿದ್ದ. ಈ ದಾರಿ ಹಿಡಿದಿದ್ದರೆ ದೊಡ್ಡ ಅನಾಹುತ ಆಗುತ್ತಿತ್ತು. ಕೋಸಿನ ಹುಳಕ್ಕೆ ಬರುವ ಹೊಸ ರಾಸಾಯನಿಕಗಳಲ್ಲಿ ಕ್ಲೋರಾಂಟ್ರಾನಿಲಿಪ್ರೋಲ್ ಥರದವು ರೇಷ್ಮೆ ಹುಳುವಿಗೆ ಅತಿ ಸಣ್ಣ ಪ್ರಮಾಣದಲ್ಲೇ ವಿಷ, ಸೊಪ್ಪಿನ ಮೇಲೆ ತುಂಬಾ ದಿನ ಉಳಿಯುತ್ತವೆ. ಮೊದಲು ರಾಸಾಯನಿಕ ಹೊಡೆಯುವಾಗ ಅಣ್ಣ ಬದುವಿನ ಪಕ್ಕದ ಸಾಲುಗಳ ಸೊಪ್ಪನ್ನು ಹುಳುವಿಗೆ ಹಾಕದೆ ಬಿಡುತ್ತಿದ್ದರು. ತಮ್ಮ ವಿಷ ಬಿಟ್ಟ ಅಂತ ಕೇಳಿದ ಮೇಲೆ ನೆಮ್ಮದಿಯಿಂದ ಆ ಸಾಲುಗಳನ್ನೂ ಕೊಯ್ದಿದ್ದರು. ಸಾವು ಆಗ ಶುರುವಾದದ್ದು ಯಾಕೆ ಅನ್ನುವುದಕ್ಕೆ ಇದೇ ವಿವರಣೆ.

ಅಣ್ಣ ಇನ್ನೊಂದು ಕಡೆ ವಾಲಿದರು. ಬ್ಯಾಕ್ಟೀರಿಯಾ ಅಂದರೇ ಬೇಡ ಅಂತ ಅಜೋಟೋಬ್ಯಾಕ್ಟರ್ ಪೊಟ್ಟಣಗಳನ್ನೂ ಅಟ್ಟಕ್ಕೆ ಎಸೆದರು. ಅದನ್ನು ಬಿಡಿಸಿ ಹೇಳಬೇಕಾಯಿತು. ಅಜೋಟೋಬ್ಯಾಕ್ಟರ್ ಬೇರಿನ ಸುತ್ತ ಮಣ್ಣಿನಲ್ಲಿ ಬದುಕುತ್ತದೆ, ಹುಳು ಕೊಲ್ಲುವ ಹರಳು ಕಟ್ಟುವುದಿಲ್ಲ. ಬಿಟಿಯಲ್ಲೇ ಇಸ್ರೇಲೆನ್ಸಿಸ್ ಅನ್ನುವ ಇನ್ನೊಂದು ತಳಿ ಇದೆ. 1976ರಲ್ಲಿ ಇಸ್ರೇಲಿನ ನೆಗೆವ್ ಮರುಭೂಮಿಯಲ್ಲಿ ಸಿಕ್ಕಿದ್ದು. ಅದನ್ನು ಸೊಳ್ಳೆ ಮರಿಗಳಿಗೆ ನಿಂತ ನೀರಿಗೆ ಹಾಕುತ್ತಾರೆ. ಮರಿಹುಳುಗಳ ಮೇಲೆ ಅದರ ಪ್ರಭಾವ ಇಲ್ಲ. ತಳಿ ಯಾವುದು, ಯಾವ ಕೀಟಕ್ಕೆ ಅನ್ನುವುದೇ ಮುಖ್ಯ. ಅಣ್ಣ ಒಪ್ಪಿದರು. ಸೊಪ್ಪು ಕೊಯ್ದ ಮೇಲೆ ಕೊಟ್ಟಿಗೆ ಗೊಬ್ಬರದಲ್ಲಿ ಬೆರೆಸಿ, ರಾಸಾಯನಿಕ ಗೊಬ್ಬರ ಹಾಕುವ ದಿನಕ್ಕೂ ಇದಕ್ಕೂ ಅಂತರ ಬಿಟ್ಟು ಮತ್ತೆ ಹಾಕತೊಡಗಿದರು.

ಕೊನೆಗೆ ನಿಂತದ್ದು ಇದು. ತಮ್ಮ ಕೋಸನ್ನು ಬದುವಿನಿಂದ ದೂರದ, ಗಾಳಿ ತೋಟದ ಕಡೆ ಬೀಸದ ಹೊಲಕ್ಕೆ ಒಯ್ದ. ಬದುವಿನ ಪಕ್ಕ ಎತ್ತರಕ್ಕೆ ಬೆಳೆಯುವ ಮೇವಿನ ಜೋಳ ಬಿತ್ತಿದ. ಕೋಸಿನ ನಡುವೆ ಬೆಂಗಳೂರಿನ ತೋಟಗಾರಿಕೆ ಸಂಶೋಧನಾ ಸಂಸ್ಥೆ ಹೇಳಿದ ಕ್ರಮದಲ್ಲಿ, 25 ಸಾಲು ಕೋಸಿಗೆ ಜೋಡಿ ಸಾಲು ಸಾಸಿವೆ ಹಾಕಿದ. ಪತಂಗಕ್ಕೆ ಕೋಸಿಗಿಂತ ಸಾಸಿವೆ ಮೇಲೆ ಮೊಟ್ಟೆ ಇಡುವ ಆಸೆ ಜಾಸ್ತಿ. ಸಂಜೆ ಹೊತ್ತು ಸ್ಪ್ರಿಂಕ್ಲರ್ ಬಿಟ್ಟರೆ ಪತಂಗಗಳ ಓಡಾಟವೂ ಕಮ್ಮಿಯಾಗುತ್ತದೆ. ಹುಳ ಕೈಮೀರಿದಾಗ ಮಾತ್ರ, ಆ ದೂರದ ಹೊಲದಲ್ಲಿ, ಗಾಳಿ ಇಲ್ಲದ ಸಂಜೆ, ಅತ್ತಿಗೆಗೆ ಮೊದಲೇ ಹೇಳಿ ಬಿಟಿ. ಬಿಟಿ ಕಮ್ಮಿ ಮಾಡಿದ್ದು ತಮ್ಮನಿಗೇ ಒಳ್ಳೆಯದು. ಹೊಲದಲ್ಲಿ ಬಿಟಿಯನ್ನೂ ಜೀರ್ಣಿಸಿಕೊಂಡ ಮೊದಲ ಕೀಟ ಇದೇ ಡೈಮಂಡ್‌ಬ್ಯಾಕ್, ಹವಾಯಿ ದ್ವೀಪದಲ್ಲಿ. 1990ರಲ್ಲೇ ಆ ವರದಿ ಬಂದಿದೆ.

ಹುಳುಮನೆಯ ಕಡೆ ಬದಲಾದದ್ದು ಸತ್ತ ಹುಳು ಮತ್ತು ಕಸದ ವಿಲೇವಾರಿ. ಮೊದಲ ಸಲ ಅವುಗಳನ್ನು ತೋಟದ ಮೂಲೆಗೇ ಹಾಕಿದ್ದರು. ಸತ್ತ ಹುಳುವಿನ ದೇಹದಲ್ಲಿ ಈ ಬ್ಯಾಕ್ಟೀರಿಯಾ ಲೆಕ್ಕವಿಲ್ಲದಷ್ಟು ಬೆಳೆಯುತ್ತದೆ, ಬೀಜಾಣು ಮಣ್ಣಿನಲ್ಲಿ, ಬಿಸಿಲು ಕಾಣದ ದೂಳಿನಲ್ಲಿ ತುಂಬಾ ಕಾಲ ಇರುತ್ತವೆ. ಈಗ ಸತ್ತದ್ದನ್ನು ಸುಣ್ಣ ಹಾಕಿ ಆಳಕ್ಕೆ ಹೂಳುತ್ತಾರೆ. ಹಾಸಿಗೆಯ ಕಸ ಗುಂಡಿಯಲ್ಲಿ ಪೂರ್ತಿ ಕಳಿತ ಮೇಲೆಯೇ ತೋಟಕ್ಕೆ.

ಆಮೇಲೆ ಆದದ್ದು

ಮುಂದಿನ ಬೆಳೆ ಗೂಡು ಕಟ್ಟುವ ಚಂದ್ರಿಕೆ ಹತ್ತಿತು, ಗೂಡೂ ಚೆನ್ನಾಗಿತ್ತು. ಪರಿಹಾರದ ಮಾತು ದೊಡ್ಡ ಮೊತ್ತದ ತನಕ ಹೋಗಲಿಲ್ಲ. ಆ ಬೆಳೆಯ ಚಾಕಿ ಹುಳುವಿನ ಖರ್ಚಿನಲ್ಲಿ ಅರ್ಧ ತಮ್ಮ ಕೊಟ್ಟ, ಅಣ್ಣ ಸಾಕು ಅಂದರು.

ಅದಾದ ಮೇಲೆ ಇನ್ನೊಂದು ಬೆಳೆಯಲ್ಲಿ ಒಂದೇ ಸ್ಟ್ಯಾಂಡಿನಲ್ಲಿ ಸ್ವಲ್ಪ ಹುಳು ಅದೇ ಥರ ತಲೆ ಎತ್ತಿ ಮೇವು ಬಿಟ್ಟವು. ಸೊಪ್ಪು ಮೇಲಿನ ಮಡಿಯದ್ದು, ಬಿಟಿ ಹೊಡೆದದ್ದು ದೂರದ ಹೊಲದಲ್ಲಿ. ಎಲ್ಲರಿಗೂ ಗಾಬರಿ. ಹುಡುಕುತ್ತಾ ಹೋದರೆ ಸಿಕ್ಕಿದ್ದು ಒಂದು ಟಾರ್ಪಾಲು. ತಮ್ಮ ಔಷಧಿ ಹೊಡೆದ ಕೋಸು ಕಟ್ಟಿ ಹೊತ್ತ ಅದೇ ಟಾರ್ಪಾಲಿನಲ್ಲಿ ಕೂಲಿಯವರು ಸೊಪ್ಪು ತಂದಿದ್ದರು. ಎರಡು ಮನೆ ಮತ್ತೆ ಒಂದಾದ ಮೇಲೆ ಸಾಮಾನು ಅದಲು ಬದಲಾಗುವುದು ಸಹಜ ಅಲ್ವಾ. ಈ ಸಲ ಜಗಳ ಆಗಲಿಲ್ಲ. ಸೊಪ್ಪಿಗೆ ಬೇರೆ ಟಾರ್ಪಾಲು, ಬೇರೆ ಕುಡುಗೋಲು ಅಂತ ಆಯಿತು. ಔಷಧಿ ಹೊಡೆದವರು ಸ್ನಾನ ಮಾಡಿ ಬಟ್ಟೆ ಬದಲಿಸದೆ ತೋಟಕ್ಕೆ ಕಾಲಿಡುವ ಹಾಗಿಲ್ಲ.

ನಮ್ಮ ಗುಂಪಿನಲ್ಲಿ ಬದಲಾದದ್ದು

ಜೈವಿಕವೋ ರಾಸಾಯನಿಕವೋ ಅನ್ನುವ ಒಂದೇ ಪ್ರಶ್ನೆ ಕೇಳಿ ಔಷಧಿ ಆರಿಸುವುದನ್ನು ಈಗ ಬಿಟ್ಟಿದ್ದೇವೆ. ಯಾವ ಬ್ಯಾಕ್ಟೀರಿಯಾ, ಯಾವ ತಳಿ, ಯಾವ ಹುಳಕ್ಕೆ, ಬದುವಿನ ಆಚೆ ಏನಿದೆ ಅಂತ ಕೇಳುತ್ತೇವೆ. ಬಿಟಿಯಂಥ ಒಳ್ಳೆಯ ಔಷಧಿ ಕೋಸಿಗೆ ಇನ್ನೊಂದಿಲ್ಲ ಅಂತ ನಾನು ಈಗಲೂ ನಂಬುತ್ತೇನೆ. ರೇಷ್ಮೆ ಇಲ್ಲದ ಊರಿನಲ್ಲಿ ಧೈರ್ಯವಾಗಿ ಬಳಸಿ ಅನ್ನುತ್ತೇನೆ. ರೇಷ್ಮೆ ಇರುವ ಕಡೆ ಮಾರುವಾಗ ಆ ಎಚ್ಚರಿಕೆ ಕನ್ನಡದಲ್ಲಿ, ದೊಡ್ಡ ಅಕ್ಷರದಲ್ಲಿ ಪೊಟ್ಟಣದ ಮೇಲೆ ಇರಲೇಬೇಕು. ಅಲ್ಲಿಯವರೆಗೆ ನಾವೇ ಅಂಗಡಿಗಳ ಗೋಡೆಗೆ ಚೀಟಿ ಅಂಟಿಸುತ್ತಿದ್ದೇವೆ.

ನಿಮ್ಮ ಹುಳುಮನೆಯಲ್ಲಿ ಇದ್ದಕ್ಕಿದ್ದಂತೆ ಹುಳು ಮೇವು ಬಿಟ್ಟರೆ ಮೊದಲು ಮನೆ ತೊಳೆಯಲು ಹೋಗಬೇಡಿ. ಇನ್ನೂ ಉಸಿರಿರುವ ಕೆಲವು ಹುಳು, ಆಗತಾನೇ ಸತ್ತ ಕೆಲವು ಹುಳು ಬೇರೆ ಬೇರೆ ಡಬ್ಬಿಗೆ ಹಾಕಿ. ಉಳಿದ ಸೊಪ್ಪನ್ನು ಕಾಗದದ ಕವರಿನಲ್ಲಿ ಇಡಿ. ಯಾವ ಮಡಿಯ ಸೊಪ್ಪು, ಯಾರು ಕೊಯ್ದರು, ಯಾವ ಸ್ಟ್ಯಾಂಡಿಗೆ ಬಿತ್ತು ಅಂತ ಅವತ್ತೇ ಬರೆದುಕೊಳ್ಳಿ. ಸುತ್ತಮುತ್ತ ಯಾರು ಏನು ಹೊಡೆದರು ಅಂತ ಕೇಳುವಾಗ "ವಿಷ ಹೊಡೆದ್ಯಾ" ಅನ್ನಬೇಡಿ. "ಏನು ಹೊಡೆದೆ, ಪೊಟ್ಟಣ ಇದ್ರೆ ಕೊಡು" ಅನ್ನಿ. ಅದನ್ನೂ ತಗೊಂಡು ಅವತ್ತೇ ರೇಷ್ಮೆ ತಾಂತ್ರಿಕ ಕೇಂದ್ರಕ್ಕೆ ಹೋಗಿ.